ಬೆಳಗಿನ ದನಿ

"ಗುರುಗಳೇ, ನನ್ನ ಪ್ರವಚನ ಕೇಳಿ ಜನ ಕರಗಿಹೋಗುತ್ತಾರೆ. ಹೇಳುವ ನನಗೇ ಒಳಗೆ ಏನೂ ಆಗುವುದಿಲ್ಲ. ಇದರಿಂದ ಕೆಡುಕುಂಟೇ?" ಎಂದು ಶಿಷ್ಯ ಮರಿಶಾಂತ ಕೇಳಿದ.

ಗುರುಗಳು ಅವನ ಮುಖವನ್ನೇ ನೋಡಿದರು. "ಕೆಡುಕೋ ಒಳಿತೋ, ನಾನೇನು ಹೇಳಲಿ ಮಾರಾಯ? ಒಂದು ಕತೆ ಇದೆ, ಕೇಳು" ಎಂದು ಶುರು ಮಾಡಿದರು.

ಒಬ್ಬ ನಟನಿದ್ದ. ಹರೆಯದಲ್ಲೇ ರೇಡಿಯೋ ಸೇರಿ ಬೆಳಗಿನ ಪ್ರಾರ್ಥನೆ ಹೇಳತೊಡಗಿದ. ಅಬ್ಬಾ, ಅದೆಂಥ ದನಿ! ಒಲೆಯ ಮೇಲೆ ಹಾಲಿಟ್ಟವರು ಉಕ್ಕುವುದನ್ನೂ ಮರೆತು ಕೇಳುತ್ತಿದ್ದರು. ಆಮೇಲೆ ಸಿನಿಮಾದವರು ಕರೆದರು, ಟೀವಿಯವರು ಕರೆದರು. ಸಂತನ ಪಾತ್ರ ಎಂದರೆ ಅವನೇ. ಕೂದಲು ನರೆಯುವವರೆಗೂ ಅದೇ ಕೆಲಸ. ಅವನೇನು ಮೋಸಗಾರನಲ್ಲ, ಹಾಗೆ ತಿಳಿಯಬೇಡ. ದನಿ ಎಲ್ಲಿ ನಡುಗಬೇಕು, ಎಲ್ಲಿ ತಡೆಯಬೇಕು ಎಂಬುದು ರೂಢಿಯಾಗಿಬಿಟ್ಟಿತ್ತು, ಅಷ್ಟೇ. ಪ್ರಾರ್ಥನೆ ಮುಗಿದ ಮೇಲೆ ರೇಡಿಯೋದವರು ಗುಡಿಯ ಗಂಟೆಯ ಸದ್ದೊಂದನ್ನು ಸೇರಿಸುತ್ತಿದ್ದರು.

ಅವನ ಹೆಂಡತಿ ಸುಗುಣಮ್ಮ ಹಾಸಿಗೆ ಹಿಡಿದಳು. ವೈದ್ಯರು ಕೈಚೆಲ್ಲಿದರು. ಆಕೆಗೆ ಕಣ್ಣು ಕಾಣುವುದೂ ನಿಂತಿತ್ತು. ಒಂದು ಮಧ್ಯಾಹ್ನ ಗಂಡನನ್ನು ಹತ್ತಿರ ಕರೆದಳು.

"ಊರಿಗೆಲ್ಲ ಪ್ರಾರ್ಥನೆ ಮಾಡಿದ್ರಿ. ನನಗೋಸ್ಕರ ಒಂದ್ಸಲ ಮಾಡ್ರೀ. ಭಯ ಆಗ್ತಿದೆ. ನಿಮ್ಮ ಮಾತು ಕೇಳ್ತಾ ಕೇಳ್ತಾ ಹೋಗಿಬಿಡ್ತೀನಿ."

ನಟನ ಕರುಳು ಕಿತ್ತು ಬಂತು. ಆಕೆಯ ಕೈ ಹಿಡಿದು ಬಾಯಿ ತೆರೆದ. ಬಂದದ್ದು ಬೆಳಗಿನ ಆ ದನಿ.

ಆಕೆ ಮುಖ ಕಿವುಚಿದಳು. "ರೇಡಿಯೋ ಯಾರು ಹಾಕಿದ್ದು? ಆರಿಸಿ. ನಮ್ಮ ಯಜಮಾನರನ್ನ ಕರೀರಿ."

ಮನೆಯಲ್ಲಿ ರೇಡಿಯೋ ಹಾಕಿರಲಿಲ್ಲ. ನಟ ಗಾಬರಿಯಾಗಿ ಬಾಯಿ ಮುಚ್ಚಿದ. ದನಿ ನಿಲ್ಲಲಿಲ್ಲ. ತನ್ನ ಪಾಡಿಗೆ ತಾನು ತಡೆಯುವಲ್ಲಿ ತಡೆದು, ನಡುಗುವಲ್ಲಿ ನಡುಗಿ, ಕೊನೆ ಮುಟ್ಟಿತು. ಆಮೇಲೆ ಎಲ್ಲಿಂದಲೋ ಆ ಗಂಟೆಯ ಸದ್ದೂ ಬಂತು.

"ಸುಗುಣಾ, ನಾನೇ ಕಣೇ! ಕೈ ಹಿಡಿದಿರೋದು ನಾನೇ!" ಎಂದು ಕೂಗಿದ. ಅದೂ ಆ ದನಿಯಲ್ಲೇ ಬಂತು.

ಪರಗಂಡಸಿನ ಕೈಯಿಂದ ಬಿಡಿಸಿಕೊಳ್ಳುವ ಹಾಗೆ ಆಕೆ ಮೆಲ್ಲನೆ ಕೈ ಬಿಡಿಸಿಕೊಂಡಳು. "ಯಾರೋ ಏನೋ, ಪಾಪ, ಚೆನ್ನಾಗಿ ಹೇಳ್ತೀರಿ. ಅವರು ಬಂದ್ಮೇಲೆ ನನ್ನ ಎಬ್ಬಿಸಿ" ಎಂದು ಗೋಡೆಯ ಕಡೆ ಹೊರಳಿದಳು. ಮತ್ತೆ ಏಳಲಿಲ್ಲ.

ಗುರುಗಳು ಕತೆ ಮುಗಿಸಿದರು. ಮರಿಶಾಂತ ಅವರ ಹತ್ತಿರ ಸರಿದ.

"ಅಯ್ಯೋ, ಆ ಮನುಷ್ಯ ಆಗಲಾದರೂ ಅಳಲಿಲ್ಲವೇ ಗುರುಗಳೇ?"

"ಅತ್ತನಪ್ಪಾ" ಎಂದರು ಗುರುಗಳು, "ಬಹಳ ಚೆನ್ನಾಗಿ ಅತ್ತ."