ಏಡಿಯಮ್ಮ ಹೊಟ್ಟೆ ಮಡಚಿದ್ದು

ಇದನ್ನು ನನಗೆ ಮೊದಲು ಹೇಳಿದವಳು ನಮ್ಮ ಸೋದರತ್ತೆ ಚಿಕ್ಕಲಿಂಗಮ್ಮ. ಅದೂ ಏಡಿ ಹುರಿಯುತ್ತಾ. ಕೇಳಿದ ಮೇಲೂ ನಾವು ತಿಂದೆವು, ಆ ಮಾತು ಬೇರೆ.

ಲೋಕ ಇನ್ನೂ ಹೊಸದಾಗಿದ್ದ ಕಾಲ. ಹಳ್ಳಕ್ಕೆ ಹರಿಯುವುದೇ ಸರಿಯಾಗಿ ಬರುತ್ತಿರಲಿಲ್ಲ. ಕಲ್ಲು ಕಲ್ಲಿಗೂ ಎಡವುತ್ತಿತ್ತು. ಆಗ ಏಡಿಯ ಹೊಟ್ಟೆ ಬಾಲದಂತೆ ಹಿಂದಕ್ಕೆ ಚಾಚಿಕೊಂಡಿರುತ್ತಿತ್ತು. ಏಡಿಯಮ್ಮ ಮರಿಗಳನ್ನು ಮರಳ ಮೇಲೆ ಬಿಟ್ಟು ನಿಶ್ಚಿಂತೆಯಿಂದ ಮೇಯಲು ಹೋಗುತ್ತಿದ್ದಳು.

ಒಂದು ದಿನ ದಡದ ಮೇಲಿಂದ ‘ಚೊರ್ರ್’ ಎಂದು ಸದ್ದು ಬಂತು.

“ಗಾಳಿಯಣ್ಣ, ಅದೇನು, ಮಳೆಯಾ?”

“ಮಳೆಯಲ್ಲ ಕಣಮ್ಮ. ದ್ಯಾವಿ ಅನ್ನುವ ಹೆಂಗಸು ಒಲೆ ಹೂಡಿದ್ದಾಳೆ. ಬಾಣಲೆಯಲ್ಲಿ ಚೊರ್ರ್ ಎಂದದ್ದು ನಿನ್ನ ಓರಗಿತ್ತಿ.”

ಏಡಿಯಮ್ಮನ ಹತ್ತೂ ಕಾಲು ತಣ್ಣಗಾದವು.

“ನಿಮ್ಮ ಕೆಸರುವಾಸನೆ ಹಿಡಿದೇ ಅವಳು ಬರುವುದು. ಓಡು!” ಎಂದಿತು ಗಾಳಿ.

ಓಡಿದಳು. ಮರಿಗಳನ್ನು ಬಾಚಿಕೊಂಡು ದಡದ ಪುದೀನದ ಬುಡಕ್ಕೆ ನುಗ್ಗಿದಳು. “ತಾಯೀ, ನಿನ್ನ ಪರಿಮಳ ಕೊಡು. ನಮ್ಮ ವಾಸನೆ ಮುಚ್ಚು.”

“ಬಾ ತಂಗೀ,” ಎಂದು ಪುದೀನ ಎಲೆ ಎಲೆಯನ್ನೂ ಅವಳ ಬೆನ್ನಿಗೆ ಉಜ್ಜಿತು.

ಹೆಜ್ಜೆ ಸದ್ದು ಹತ್ತಿರ ಬಂತು. ಇನ್ನೂ ಹತ್ತಿರ ಬಂತು. ನೆರಳು ಬಿತ್ತು.

“ಅಮ್ಮಾ, ಯಾರದು?”

“ಶ್ಶ್!” ಏಡಿಯಮ್ಮ ಮರಿಗಳನ್ನೆಲ್ಲ ಮೈಯಡಿಗೆ ಸೇರಿಸಿ, ಚಾಚಿದ್ದ ಹೊಟ್ಟೆಯನ್ನು ಮಡಚಿ ಅದುಮಿಕೊಂಡಳು.

ದ್ಯಾವಿ ಮೂಗರಳಿಸಿದಳು. “ಆಹಾ! ಹುರಿದ ಏಡಿಗೆ ಕಮ್ಮಿಯಾಗಿದ್ದು ಇದೇ ನೋಡು!” ಒಂದು ಹಿಡಿ ಪುದೀನ ಕಿತ್ತಳು. ಬುಡದಲ್ಲಿದ್ದ ಏಡಿಯೂ ಜೊತೆಗೇ ಬಂತು.

“ಅಯ್ಯೋ, ನಾನೇ ತೋರಿಸಿಕೊಟ್ಟೆನಲ್ಲೇ ತಂಗೀ!” ಎಂದು ಪುದೀನ ನಡುಗಿತು.

ಬಾಣಲೆಯಲ್ಲಿ ಬೆಳ್ಳುಳ್ಳಿ ಸಿಡಿಯುತ್ತಿತ್ತು. ಎಲೆ ಬಿತ್ತು, ‘ಚೊರ್ರ್’. ಕಾದ ಎಣ್ಣೆಯ ಹಬೆ ಏಡಿಯಮ್ಮನ ಕಣ್ಣಿಗೆ ರಾಚಿತು. ದ್ಯಾವಿ ಅವಳನ್ನು ಅಂಗಾತ ಮಾಡಿ ಹೊಟ್ಟೆಯ ಮಡಿಕೆಗೆ ಉಗುರು ಹಾಕಿದಳು. ಏಡಿಯಮ್ಮ ಬಿಡಲಿಲ್ಲ. ದ್ಯಾವಿ ಎಳೆದಳು. ಬಿಡಲಿಲ್ಲ. ಮತ್ತೆ ಎಳೆದಾಗ, ಮಡಿಕೆಯ ಸಂದಿಯಿಂದ ಸಾಸಿವೆಯಷ್ಟು ಕಣ್ಣೊಂದು ಇಣುಕಿತು.

ಅದೇ ಹೊತ್ತಿಗೆ ದ್ಯಾವಿಯ ಬೆನ್ನಿಗೆ ಕಟ್ಟಿದ್ದ ಕೂಸು ಸೀರೆಯ ಮಡಿಕೆಯಿಂದ ಇಣುಕಿ, “ಆ?” ಎಂದಿತು.

ದ್ಯಾವಿಯ ಕೈ ನಿಂತಿತು. “ಥೂ ನಿನ್ನ! ಬಾಣಂತಿ ಅಂತ ಮೊದಲೇ ಹೇಳಬಾರದಿತ್ತಾ?”

ಏಡಿಯಮ್ಮ ಹೇಳಲು ಬಾಯಿ ತೆರೆದಳು. ಭಯಕ್ಕೆ ಮಾತು ಬರಲಿಲ್ಲ, ಬರೀ ನೊರೆ ಬಂತು.

ದ್ಯಾವಿ ಅವಳನ್ನು ನೀರಿಗೆ ಬಿಟ್ಟಳು. “ಹೊಟ್ಟೆ ಬಿಚ್ಚಬೇಡ ಕಣೇ. ಇವತ್ತು ನಿನ್ನ ಮರಿ ನನ್ನ ಕಣ್ಣಿಗೆ ಬಿತ್ತು. ನಾಳೆ ನನಗೆ ಹಸಿವು ಜಾಸ್ತಿ ಇರಬಹುದು.”

ಏಡಿಯಮ್ಮ ಬಿಚ್ಚಲಿಲ್ಲ. ಅದಕ್ಕೇ ಇವತ್ತಿಗೂ ಏಡಿಯ ಹೊಟ್ಟೆ ಮಡಚಿಕೊಂಡೇ ಇದೆ, ಮರಿಗಳು ಅದರೊಳಗೇ ಇವೆ, ಹಿಡಿದರೆ ಬಾಯಲ್ಲಿ ನೊರೆ ಬರುತ್ತದೆ.

ಹಳ್ಳದಲ್ಲಿ ಏಡಿ ಸಿಕ್ಕರೆ ನೀನೂ ಮೊದಲು ಅಂಗಾತ ಮಾಡಿ ನೋಡು, ಮಗಾ. ಪಕ್ಕದ ಮನೆಯವರಿಗೂ ಈ ಕಥೆ ಹೇಳು. ಈಗಲೇ ಹೋಗಿ ಹೇಳು. ಅವರ ಬಾಣಲೆ ಕಾದಿರಬಹುದು.