ನಕ್ಷೆಯಲ್ಲಿಲ್ಲದ ಚರಂಡಿ

ಕೋಳಿ ಫಾರಂನ ಕೊಳಕು ನೀರು ಕೆರೆಗೆ ಹರಿದು ತನ್ನ ಮರಿಗಳು ಸಾಯುತ್ತಿವೆ ಎಂದು ಕಪ್ಪೆಯೊಂದು ದೂರು ಕೊಟ್ಟಿತು. ತನಿಖೆಗೆ ಕೊಕ್ಕರೆ ಸಾಹೇಬರು ಬಂದರು. ತನಿಖೆ ಎಂದರೆ ಕಣ್ಣಾರೆ ನೋಡುವುದು. ಆದ್ದರಿಂದ ಅವರು ಮೊದಲು ಕಾಗದ ಕೇಳಿದರು.

ಫಾರಂನ ಯಜಮಾನ ಹುಂಜ ಕಟ್ಟು ಹಾಕಿಸಿಟ್ಟಿದ್ದ ಪರವಾನಗಿಯನ್ನೂ ಫಾರಂನ ನಕ್ಷೆಯನ್ನೂ ತೋರಿಸಿತು. "ನೋಡಿ ಸಾಹೇಬರೇ, ನಕ್ಷೆಯಲ್ಲಿ ಚರಂಡಿಯೇ ಇಲ್ಲ."

"ನೀವು ನಿಂತಿರುವುದೇ ಚರಂಡಿಯಲ್ಲಿ ಸ್ವಾಮಿ!" ಎಂದಿತು ಕಪ್ಪೆ.

ಸಾಹೇಬರು ಕೆಳಗೆ ನೋಡಿ ಒಂದು ಕಾಲನ್ನು ಮೇಲೆತ್ತಿಕೊಂಡರು. ಎರಡನ್ನೂ ಎತ್ತಿದರೆ ಬೀಳುತ್ತಿದ್ದರು, ಅದಕ್ಕೇ ಒಂದು. "ಈ ನಕ್ಷೆಗೆ ಸಹಿ ಹಾಕಿದವನು ನಾನೇ. ಅದರಲ್ಲಿ ಇಲ್ಲದ್ದು ಇಲ್ಲಿ ಹೇಗಿರುತ್ತದೆ?"

"ಹಾಗಾದರೆ ಈ ನೀರನ್ನು ಒಂದು ಗುಟುಕು ಕುಡಿಯಿರಿ."

"ನಾನು ಮನೆಯಿಂದಲೇ ನೀರು ತಂದಿದ್ದೇನಮ್ಮ. ಅದಿರಲಿ, ಕೆರೆಯಲ್ಲಿ ಮರಿ ಸಾಕಲು ನಿನಗೆ ಪರವಾನಗಿ ಇದೆಯೇ?"

ಕಪ್ಪೆಗೆ ಇರಲಿಲ್ಲ. ಅದರ ಮುತ್ತಜ್ಜಿಗೂ ಇರಲಿಲ್ಲ.

"ಪರವಾನಗಿ ಇಲ್ಲದ ಸಾಕಣೆ! ಇಂದೇ ಕೆರೆ ಖಾಲಿ ಮಾಡು" ಎಂದು ಸಾಹೇಬರು ಆದೇಶ ಬರೆದರು.

ಉಳಿದ ಮೂರು ಮರಿಗಳನ್ನು ಬೆನ್ನಿಗೇರಿಸಿಕೊಂಡು ಕಪ್ಪೆ ಹೊರಟಾಗಲೂ ಸಾಹೇಬರು ಒಂಟಿ ಕಾಲಿನಲ್ಲೇ ನಿಂತಿದ್ದರು. ಫಾರಂನ ಕೋಳಿಗಳು ಜಾಲರಿಯಿಂದ ಇಣುಕಿ, "ಎಂಥ ತಪಸ್ಸು!" ಎಂದು ತಲೆಬಾಗಿದವು.