ಪೂಜ್ಯ ಒದಿಲೋನರ ಅರ್ಧ ಹಾಸಿಗೆ

೧೯೬೭, ಫೆಬ್ರವರಿ ೧೧, ಶನಿವಾರ. ನನ್ನ ದಿನಚರಿಯಲ್ಲಿ ಆ ದಿನದ ಕೆಳಗೆ ಹೀಗಿದೆ: "ತಪೋಕಾಲದ ಧ್ಯಾನಕೂಟ, ಎರಡನೆಯ ದಿನ. ಫಾದರ್ ಚೌರಪ್ಪನವರಿಗೆ ಗಂಟಲು ಕಟ್ಟಿತ್ತು. ಆದರೂ ಪೂಜ್ಯ ಒದಿಲೋನರ ಪ್ರಸಂಗವನ್ನು ಪೂರ್ತಿ ಹೇಳಿದರು. ಯಾರೂ ಎದ್ದುಹೋಗಲಿಲ್ಲ." ತಪೋಕಾಲವೆಂದರೆ ಪಾಸ್ಖ, ಅಂದರೆ ಈಸ್ಟರ್ ಹಬ್ಬಕ್ಕೆ ಮುಂಚಿನ ನಲವತ್ತು ದಿನಗಳ ವ್ರತ. ಆಮೇಲೆ ಇದೇ ಪ್ರಸಂಗವನ್ನು ಬೇರೆಯವರ ಬಾಯಲ್ಲೂ ಕೇಳಿದ್ದೇನೆ. ಒಬ್ಬರು ರಾಜನನ್ನೇ ಬದಲಾಯಿಸುತ್ತಾರೆ, ಇನ್ನೊಬ್ಬರು ಕೊನೆಗೊಂದು ಪವಾಡ ಸೇರಿಸುತ್ತಾರೆ. ನಾನು ಕಾಲೇಜಿನಲ್ಲಿ ಯೂರೋಪಿನ ಇತಿಹಾಸ ಓದಿದವಳು. ಅಂದು ಬರೆದುಕೊಂಡದ್ದನ್ನು ಹೆಚ್ಚುಕಡಿಮೆ ಮಾಡದೆ ಇಲ್ಲಿ ಕೊಡುತ್ತಿದ್ದೇನೆ.

ಫ್ರಾನ್ಸಿನಲ್ಲಿ ಮೂರನೆಯ ಹೆನ್ರಿಯ ಆಳ್ವಿಕೆಯ ಹನ್ನೆರಡನೆಯ ವರ್ಷ. ಕಥೋಲಿಕರಿಗೂ ಹ್ಯೂಗನಾಟರೆಂದು ಕರೆಯುತ್ತಿದ್ದ ಅಲ್ಲಿನ ಪ್ರಾಟೆಸ್ಟಂಟರಿಗೂ ಯುದ್ಧ ಶುರುವಾಗಿ ಇಪ್ಪತ್ತು ವರ್ಷಗಳ ಮೇಲಾಗಿತ್ತು. ರಾಜ ಒಂದು ವರ್ಷ ಹ್ಯೂಗನಾಟರ ಪ್ರಾರ್ಥನೆಗೆ ಅನುಮತಿ ಕೊಡುವುದು, ಮರುವರ್ಷ ಅದನ್ನು ಕಿತ್ತುಕೊಳ್ಳುವುದು. ಯಾವ ಶಾಸನ ಜಾರಿಯಲ್ಲಿದೆ ಎಂಬುದೇ ಜನಕ್ಕೆ ನೆನಪಿರುತ್ತಿರಲಿಲ್ಲ. ೧೫೮೫ರ ಜುಲೈಯಲ್ಲಿ ಮತ್ತೊಂದು ಶಾಸನ ಬಂತು. ರಾಜ್ಯದಲ್ಲಿ ಇನ್ನು ಒಂದೇ ಧರ್ಮ. ಹ್ಯೂಗನಾಟರು ಆರು ತಿಂಗಳೊಳಗೆ ಕಥೋಲಿಕರಾಗಬೇಕು, ಇಲ್ಲವೇ ದೇಶ ಬಿಡಬೇಕು. ಆಮೇಲೆ ಆ ಗಡುವನ್ನೂ ಮೊಟಕು ಮಾಡಿದರು.

ಲುವಾರ್ ನದಿಯ ದಂಡೆಯ ಬ್ರೆವಾನ್ ಎಂಬ ಸಣ್ಣ ಊರಿನಲ್ಲಿ, ಸೇತುವೆಯ ಕೆಳಗೆ, ಬಡರೋಗಿಗಳ ಆಸ್ಪತ್ರೆಯೊಂದಿತ್ತು. ಪೂಜ್ಯ ಒದಿಲೋನರು ಅಲ್ಲಿ ಏಳು ಮಂದಿ ಸಹೋದರ ಸನ್ಯಾಸಿಗಳಲ್ಲಿ ಹಿರಿಯರು. ಅವರು ಗುರುಪಟ್ಟ ಪಡೆದವರಲ್ಲ, ಪ್ರವಚನ ಮಾಡಿದವರೂ ಅಲ್ಲ. ಬೆಳಿಗ್ಗೆ ಗಂಜಿ ಬೇಯಿಸಿ, ರೋಗಿಗಳ ಪಾತ್ರೆಗಳನ್ನು ನದಿಯಲ್ಲಿ ತೊಳೆದು ತರುವುದರಲ್ಲೇ ಅವರಿಗೆ ಅರವತ್ತೈದು ವರ್ಷ ತುಂಬಿತ್ತು. ಹೊಸ ರೋಗಿ ಬಂದರೆ ಗುರುಗಳ ಮುಂದೆ ಪಾಪನಿವೇದನೆ ಆಗಿದೆಯೇ ಎಂದು ಮೊದಲು ಕೇಳಿ, ಆಮೇಲೆ ಹಾಸಿಗೆ ಕೊಡುವುದು ಆಗಿನ ಆಸ್ಪತ್ರೆಗಳ ನಿಯಮ. ಹ್ಯೂಗನಾಟರಲ್ಲಿ ಪಾಪನಿವೇದನೆಯಿಲ್ಲ. ಒದಿಲೋನರು ಮೊದಲು ಕಾಲು ತೊಳೆದು ಗಂಜಿ ಕುಡಿಸುತ್ತಿದ್ದರು. ಅಷ್ಟರಲ್ಲಿ ರೋಗಿಗೆ ನಿದ್ದೆ ಹತ್ತುತ್ತಿತ್ತು. ಅವರಿಗೂ ಕೇಳಲು ಮರೆತುಹೋಗುತ್ತಿತ್ತು. ಇದಕ್ಕಾಗಿ ಮೇಲಿನವರು ಅವರನ್ನು ಎರಡು ಬಾರಿ ಗದರಿಸಿದ್ದರು.

ಸೈನ್ಯಗಳು ಸುತ್ತಲ ಕಾಡನ್ನೆಲ್ಲ ಕಡಿದು ಸುಟ್ಟಿದ್ದರಿಂದ ಆಸ್ಪತ್ರೆಗೆ ಸೌದೆಯಿರಲಿಲ್ಲ. ಒಂದು ಹಾಸಿಗೆಗೆ ಇಬ್ಬರು, ಒಬ್ಬನ ತಲೆಯ ಕಡೆಗೆ ಇನ್ನೊಬ್ಬನ ಕಾಲು. ಒಬ್ಬನ ಪಾದ ಇನ್ನೊಬ್ಬನ ಪಕ್ಕೆಯಲ್ಲಿ ಬೆಚ್ಚಗಿರಬೇಕು. ಒಬ್ಬ ಸತ್ತರೆ ಉಳಿದವನೂ ಚಳಿಗೆ ಸಾಯುತ್ತಿದ್ದ. ಅದಕ್ಕೇ ಅಲ್ಲೊಂದು ಪದ್ಧತಿ: ಹಾಸಿಗೆಯಿಂದ ಯಾರನ್ನು ಎತ್ತಿದರೂ, ಎತ್ತಿದವನೇ ಆ ಜಾಗದಲ್ಲಿ ಮಲಗಬೇಕು, ಇನ್ನೊಬ್ಬ ರೋಗಿ ಬರುವ ತನಕ. ಒದಿಲೋನರು ಎಷ್ಟೋ ದಿನ ಹಾಗೆ ಅರ್ಧ ಹಾಸಿಗೆಯಲ್ಲಿ ಮಲಗಿದ್ದುಂಟು.

ಜನವರಿಯ ಒಂದು ಬೆಳಿಗ್ಗೆ ತಿಸೊ ಎಂಬ ಅಧಿಕಾರಿ ನಾಲ್ವರು ಸೈನಿಕರನ್ನೂ ಒಂದು ಗಾಡಿಯನ್ನೂ ಕರೆದುಕೊಂಡು ಬಂದ. ಹತ್ತೊಂಬತ್ತು ದಿನದಿಂದ ಊರೂರು ತಿರುಗಿ ಹ್ಯೂಗನಾಟರನ್ನು ಹೊರಗಟ್ಟುತ್ತಿದ್ದವನು. ಸನ್ಯಾಸಿಗಳನ್ನು ಕಂಡರೆ ಅವನಿಗೆ ತಾತ್ಸಾರ.

"ಇಲ್ಲಿ ಹ್ಯೂಗನಾಟರು ಎಷ್ಟು ಜನ, ಸ್ವಾಮಿ?"

"ಕೇಳಿಲ್ಲ."

"ಕೇಳಬೇಕಾದ್ದು ನಿಮ್ಮ ನಿಯಮ."

"ಹೌದು. ನನ್ನದು ತಪ್ಪು," ಎಂದರು ಒದಿಲೋನರು.

ತಿಸೊ ಕೋಣೆಯ ನಡುವೆ ನಿಂತು ತಾನೇ ಕೂಗಿ ಕೇಳಿದ. ಮೂವತ್ತೆರಡು ರೋಗಿಗಳಲ್ಲಿ ಕೆಲವರು ಹೊದಿಕೆಯನ್ನು ಮುಖದ ಮೇಲೆ ಎಳೆದುಕೊಂಡರು. ಆಮೇಲೆ ಗೋಡೆಯ ಕಡೆಯ ಹಾಸಿಗೆಯಿಂದ ಒಂದು ಕೈ ಮೇಲೆದ್ದಿತು. ಅದು ಇಸಾಕ್ ಎಂಬ ಮುದಿ ನೇಕಾರನದು.

"ನಾನು," ಎಂದ.

ಅದೇ ಹಾಸಿಗೆಯ ಇನ್ನೊಂದು ತುದಿಯಲ್ಲಿದ್ದ ದೋಣಿಗಾರ ಮಾರ್ಸೊ ತಲೆ ಎತ್ತಿದ. "ಮುದಿ ಮೂರ್ಖಾ! ರಾತ್ರಿಯೆಲ್ಲ ಕೆಮ್ಮಿದ್ದು ಸಾಲದಾಯಿತೆ ಆ ಬಾಯಿಗೆ?"

ತಿಸೊ ಕಾಗದ ಹಿಡಿದ. "ಒಂದು ಸಹಿ, ಅಜ್ಜ. ಕಥೋಲಿಕರ ಚರ್ಚಿಗೆ, ಬಲಿಪೂಜೆಗೆ ಬರುತ್ತೇನೆ ಅಂತ. ಅಷ್ಟೇ. ಇಲ್ಲದಿದ್ದರೆ ಹೊರಗೆ ಗಾಡಿ ನಿಂತಿದೆ. ಎಂಟು ಹರದಾರಿ ದೂರ ಬಿಟ್ಟು ಬರುತ್ತಾರೆ."

ಹೊರಗೆ ನದಿಯ ಅಂಚು ಮಂಜುಗಟ್ಟಿತ್ತು. ಗಾಡಿ ಹತ್ತಿಸಿದರೆ ಆ ಮುದುಕ ಸಂಜೆಯವರೆಗೂ ಉಳಿಯಲಾರನೆಂಬುದು ಎಲ್ಲರಿಗೂ ಗೊತ್ತಿತ್ತು.

"ಹಿಂದೆ ಎರಡು ಸಲ ಸಹಿ ಹಾಕಿದ್ದೇನೆ, ಒಡೆಯರೇ," ಎಂದ ಇಸಾಕ್. "ಎರಡು ಸಲವೂ ಸುಳ್ಳು. ಇನ್ನು ನನ್ನ ಕೈಲಾಗುವುದಿಲ್ಲ."

ಸೈನಿಕರು ಮುಂದೆ ಬರುವ ಮೊದಲೇ ತಿಸೊ ಬೇಸತ್ತು ತಾನೇ ಬಾಗಿ ಅವನನ್ನು ಎತ್ತಿ ಬಾಗಿಲ ಪಕ್ಕದ ಬೆಂಚಿನ ಮೇಲೆ ಕೂರಿಸಿದ. ಒದಿಲೋನರು ಅಡ್ಡ ನಿಲ್ಲಲಿಲ್ಲ. ತಮ್ಮ ಮೇಲಂಗಿಯನ್ನು ಬಿಚ್ಚಿ ಮುದುಕನಿಗೆ ಹೊದಿಸಿದರು. ಆಮೇಲೆ ಹಾಸಿಗೆಯ ಖಾಲಿ ಭಾಗವನ್ನು ತೋರಿಸಿ, "ಎತ್ತಿದವರು ಮಲಗಬೇಕು," ಎಂದರು.

ತಿಸೊನಿಗೆ ಅರ್ಥವಾಗಲಿಲ್ಲ. ಮಾರ್ಸೊನೇ ಪದ್ಧತಿಯನ್ನು ವಿವರಿಸಿದ. ಸೈನಿಕರು ನಕ್ಕರು.

"ನಾನು? ಈ ದೋಣಿಯವನ ಜೊತೆಗೆ?"

"ನನಗೇನು ಹಿಗ್ಗೇ?" ಎಂದ ಮಾರ್ಸೊ. "ಬೂಟು ಬಿಚ್ಚಿ ಬನ್ನಿ. ಬೇಗ. ನನ್ನ ಕಾಲು ಮರಗಟ್ಟುತ್ತಿದೆ."

ಏಕೆ ಬೂಟು ಬಿಚ್ಚಿದೆನೆಂದು ತನಗೇ ತಿಳಿಯದೆಂದು ತಿಸೊ ಮುಂದೆ ವಿಚಾರಣೆಯಲ್ಲಿ ಹೇಳಿದ. ಮೊದಲು ತಮಾಷೆಗೆಂದೇ ಮಲಗಿದ. ಮುದುಕ ಮಲಗಿದ್ದ ಕುಳಿ ಇನ್ನೂ ಬೆಚ್ಚಗಿತ್ತು. ಮಾರ್ಸೊನ ಪಾದಗಳು ಪಕ್ಕೆಗೆ ತಗುಲಿದಾಗ ಕೊರೆಯುವ ಕಲ್ಲು ಇಟ್ಟ ಹಾಗಾಯಿತು. ತಳ್ಳಿಬಿಡಬೇಕೆಂದು ಅಂದುಕೊಳ್ಳುವಷ್ಟರಲ್ಲಿ ಅವನಿಗೆ ನಿದ್ದೆ ಬಂತು.

ಎಚ್ಚರವಾದಾಗ ಸಂಜೆಯ ಪ್ರಾರ್ಥನೆಯ ಗಂಟೆ ಹೊಡೆಯುತ್ತಿತ್ತು. ಅಧಿಕಾರಿಯನ್ನು ಎಬ್ಬಿಸುವ ಧೈರ್ಯವಿಲ್ಲದೆ ಸೈನಿಕರು ಅಡಿಗೆಮನೆಯಲ್ಲಿ ತೂಕಡಿಸುತ್ತಿದ್ದರು. ಒದಿಲೋನರು ಬಟ್ಟಲು ಹಿಡಿದು ಪಕ್ಕದಲ್ಲಿ ಕುಳಿತಿದ್ದರು.

"ನಿಮಗೆ ಜ್ವರವಿದೆ. ಕುಡಿಯಿರಿ."

ತಿಸೊ ಬಟ್ಟಲನ್ನು ಮುಟ್ಟಲಿಲ್ಲ. "ಪಾಪನಿವೇದನೆ ಆಗಿದೆಯೇ ಅಂತ ನನ್ನನ್ನು ಮೊದಲು ಕೇಳಬೇಕಲ್ಲವೆ?"

"ಕೇಳಬೇಕಿತ್ತು."

"ಹದಿಮೂರು ವರ್ಷವಾಯಿತು. ಪ್ಯಾರಿಸಿನಲ್ಲಿ ಹ್ಯೂಗನಾಟರನ್ನು ಮನೆಮನೆ ಹೊಕ್ಕು ಕೊಂದ ಆ ಆಗಸ್ಟಿನಲ್ಲಿ ನಾನು ಅಲ್ಲಿದ್ದೆ. ಅದನ್ನು ಯಾವ ಗುರುಗಳ ಮುಂದೆಯೂ ಹೇಳಿಲ್ಲ. ಹೇಳದೆಯೇ, ಪಾಪ ಕಳೆದವನ ಹಾಗೆ, ಬಲಿಪೂಜೆಯಲ್ಲಿ ಪರಮಪ್ರಸಾದ ತೆಗೆದುಕೊಂಡಿದ್ದೇನೆ. ನನಗಿಂತ ಆ ಮುದುಕನೇ ವಾಸಿ. ಅವನು ಸುಳ್ಳು ನಿಲ್ಲಿಸಿದ."

ಒದಿಲೋನರು ಬಟ್ಟಲನ್ನು ಅವನ ತುಟಿಗೆ ಹಿಡಿದರು. "ಮೊದಲು ಇದು," ಎಂದರು.

ತಿಸೊ ಕುಡಿದ. ಕುಡಿಯುತ್ತ ಅತ್ತ. ಆಮೇಲೆ ಬರಿಗಾಲಲ್ಲೇ ಬೆಂಚಿನವರೆಗೆ ಹೋಗಿ, ಮುದುಕನನ್ನು ಎತ್ತಿ ತಂದು ತಾನು ಮಲಗಿದ್ದ ಕುಳಿಯಲ್ಲೇ ಮಲಗಿಸಿದ. "ಬೇಗ ಹೊದಿಸಿ, ಬಿಸಿ ಆರುತ್ತದೆ," ಎಂದ. ಗಾಡಿ ಖಾಲಿ ಹಿಂತಿರುಗಿತು.

ಕೇಳಿದವರೆಲ್ಲ ಇಲ್ಲಿಗೆ ಕೈ ಮುಗಿಯುತ್ತಾರೆ. ಫಾದರ್ ಚೌರಪ್ಪನವರು ಇಲ್ಲಿಗೆ ನಿಲ್ಲಿಸಲಿಲ್ಲ, ನಾನೂ ನಿಲ್ಲಿಸುವುದಿಲ್ಲ.

ಇಸಾಕ್ ಒಂಬತ್ತನೆಯ ದಿನ ತೀರಿಕೊಂಡ. ಊರಿನ ಸ್ಮಶಾನದಲ್ಲಿ ಅವನಿಗೆ ಜಾಗ ಕೊಡಲಿಲ್ಲ. ನದಿಯ ದಂಡೆಯಲ್ಲಿ ಹೂಳಿದರು. ತಿಸೊ ಕೆಲಸ ಕಳೆದುಕೊಂಡು ಎರಡು ವರ್ಷ ಸೆರೆಯಲ್ಲಿದ್ದ. ಅಲ್ಲಿಯೇ ಪಾಪನಿವೇದನೆ ಮಾಡಿದ. ಬಿಡುಗಡೆಯಾದ ಮೇಲೆ ಪ್ಲೇಗಿನ ರೋಗಿಗಳನ್ನು ಹೊರುವ ಕೆಲಸಕ್ಕೆ ಸೇರಿ, ಅದೇ ರೋಗದಿಂದ ಸತ್ತ. ಹ್ಯೂಗನಾಟನನ್ನು ಇರಿಸಿಕೊಂಡದ್ದಕ್ಕೆ ಒದಿಲೋನರಿಗೆ ಒಂದು ವರ್ಷ ಪರಮಪ್ರಸಾದ ನಿಷೇಧವಾಯಿತು. ಅವರನ್ನು ದೂರದ ಮಠದ ಹಂದಿಗಳನ್ನು ನೋಡಿಕೊಳ್ಳಲು ಕಳಿಸಿದರು. ರೋಗಿಗಳ ಹತ್ತಿರ ಮತ್ತೆ ಬಿಡಲಿಲ್ಲ. ಅದೇ ತಪ್ಪಿಗೆ ಬ್ರೆವಾನಿನ ಆಸ್ಪತ್ರೆಗೆ ತಪೋಕಾಲಕ್ಕೆ ಮೊದಲೇ ಬೀಗ ಬಿತ್ತು. ಉಳಿದಿದ್ದ ಮೂವತ್ತೊಂದು ರೋಗಿಗಳನ್ನು ದನದ ಕೊಟ್ಟಿಗೆಗಳಿಗೆ ಹಂಚಿದರು. ಅವರಲ್ಲಿ ಹನ್ನೊಂದು ಮಂದಿ ಪಾಸ್ಖ ಹಬ್ಬದೊಳಗೆ ಸತ್ತರು. ಮಾರ್ಸೊನೂ ಅವರಲ್ಲೊಬ್ಬ. ಒದಿಲೋನರು ತಾವು ಸಾಯುವ ತನಕ ಆ ಹನ್ನೊಂದು ಹೆಸರುಗಳನ್ನು ದಿನವೂ ಪ್ರಾರ್ಥನೆಯಲ್ಲಿ ಹೇಳುತ್ತಿದ್ದರು. ನೀವು ಮಾಡಿದ್ದು ಸರಿಯೇ ಎಂದು ಕೇಳಿದವರಿಗೂ ಅವರು ಆ ಹೆಸರುಗಳನ್ನೇ ಹೇಳುತ್ತಿದ್ದರು.